ಸರ್ಕಸ್ ಪ್ರಾಣಿಗಳ ನಡುವೆ ಒಡನಾಟವೆಂಬುದು ಇತ್ತೇ?

ಪ್ರಶ್ನೆ: ತುಂಗಾತೀರ

ಸದಸ್ಯರೆಲ್ಲರಿಗೂ ನಮಸ್ಕಾರ.

1980ರ ದಶಕದಲ್ಲಿ ಮೈಸೂರಿಗೆ ದಸರೆಯ ಹೊತ್ತಿಗೆ ಬರುತ್ತಿದ್ದ ಸರ್ಕಸ್ಸುಗಳನ್ನು ನೋಡಿ ಬೆಳೆದವರಲ್ಲಿ ನಾನೂ ಒಬ್ಬ. ಆನೆಯೊಂದು ಸೊಂಡಿಲಿನಿಂದ ಶಿವಲಿಂಗಕ್ಕೆ ನೀರೆರೆದು ಗಂಟೆ ಬಾರಿಸುತ್ತಿದ್ದುದು, ಸಿಂಹಗಳು ಸಾಲಾಗಿ ಸ್ಟೂಲುಗಳ ಮೇಲೆ ಕುಳಿತು ಹೆಸರು ಕರೆದಂತೆಲ್ಲ ಒಂದೊಂದಾಗಿ ಇಳಿಯುತ್ತಿದ್ದುದು, ನೀರಾನೆಯ ತೆರೆದ ಬಾಯಿಗೆ ಇಡೀ ಎಲೆಕೋಸನ್ನು ಎಸೆಯುತ್ತಿದ್ದುದು ಇವೆಲ್ಲ ನನ್ನ ವಯಸ್ಸಿನವರಿಗೆ ನೆನಪಿರಬಹುದು. 1960ರ ಪ್ರಾಣಿಹಿಂಸೆ ತಡೆ ಕಾಯಿದೆಯ 22ನೆಯ ಕಲಮಿನ ಅಡಿಯಲ್ಲಿ ಕೇಂದ್ರ ಸರ್ಕಾರವು 1998ರ ಅಕ್ಟೋಬರ್‌ನಲ್ಲಿ ಹೊರಡಿಸಿದ ಅಧಿಸೂಚನೆಯು ಕರಡಿ, ಕೋತಿ, ಹುಲಿ, ಚಿರತೆ ಮತ್ತು ಸಿಂಹಗಳ ಪ್ರದರ್ಶನವನ್ನು ನಿಷೇಧಿಸಿತು. ಸರ್ಕಸ್ ಮಾಲೀಕರು ಅದನ್ನು ಪ್ರಶ್ನಿಸಿ ನ್ಯಾಯಾಲಯಕ್ಕೆ ಹೋದರು. 2000ದಲ್ಲಿ ಕೇರಳ ಹೈಕೋರ್ಟು, 2001ರಲ್ಲಿ ಸುಪ್ರೀಂ ಕೋರ್ಟು ಆ ನಿಷೇಧವನ್ನು ಎತ್ತಿಹಿಡಿದವು. ಇಷ್ಟು ಎಲ್ಲರಿಗೂ ತಿಳಿದ ಸಂಗತಿ.

ಸರ್ಕಸ್ಸಿನಲ್ಲಿ ಪ್ರಾಣಿಗಳಿಗೆ ಆಗುತ್ತಿದ್ದ ಹಿಂಸೆಯ ಬಗ್ಗೆ ಸಾಕಷ್ಟು ಬರಹಗಳಿವೆ, ಆ ಚರ್ಚೆಯನ್ನು ಮತ್ತೆ ಎತ್ತುವುದು ನನ್ನ ಉದ್ದೇಶವಲ್ಲ. ನನ್ನನ್ನು ಕಾಡುತ್ತಿರುವುದು ಅದಕ್ಕಿಂತ ಕಿರಿದಾದ ಒಂದು ಪ್ರಶ್ನೆ. ಒಂದೇ ಡೇರೆಯ ಹಿಂದೆ, ಒಂದೇ ಸಾಲಿನಲ್ಲಿ, ಹತ್ತಾರು ವರ್ಷ ಊರೂರು ಸುತ್ತಿದ ಈ ಪ್ರಾಣಿಗಳಿಗೆ ಪರಸ್ಪರ ಒಡನಾಟವಿತ್ತೇ? ಇಷ್ಟೊಂದು ಪ್ರಾಣಿಗಳ ಮತ್ತು ಜನರ ಮಧ್ಯೆ ಇದ್ದೂ ಅವು ಒಂಟಿಯಾಗಿಯೇ ಬದುಕಿದವೇ? ನಿಷೇಧದ ನಂತರ ಅವುಗಳನ್ನು ಪುನರ್ವಸತಿ ಕೇಂದ್ರಗಳಿಗೆ ಸಾಗಿಸುವಾಗ, ಯಾವುದು ಯಾವುದರ ಜೊತೆಗಿತ್ತು ಎಂಬುದನ್ನು ಯಾರಾದರೂ ಗಮನಿಸಿದರೇ? ಜೊತೆಗೆ, ದಿನವೂ ಮೇವು ಹಾಕಿ ಮೈ ತೊಳೆಯುತ್ತಿದ್ದ ಮಾವುತನನ್ನು ಆ ಪ್ರಾಣಿಯ ಸಂಗಾತಿ ಎನ್ನಬಹುದೇ?

ಈ ವೇದಿಕೆಯಲ್ಲಿ ಪಶುವೈದ್ಯರೂ ವನ್ಯಜೀವಿ ಅಧ್ಯಯನ ಮಾಡಿದವರೂ ಇದ್ದಾರೆಂದು ಬಲ್ಲೆ. ತಿಳಿದವರು ದಯವಿಟ್ಟು ವಿವರವಾಗಿ ಬರೆಯಬೇಕೆಂದು ಕೋರಿಕೆ.

ಉತ್ತರ 1: ನಿವೃತ್ತ ಪಶುವೈದ್ಯ

ತುಂಗಾತೀರ ಅವರೇ, ತಮ್ಮ ಪ್ರಶ್ನೆಗೆ ಎಲ್ಲ ಪ್ರಾಣಿಗಳಿಗೂ ಒಪ್ಪುವ ಒಂದೇ ಉತ್ತರ ಇಲ್ಲ. ಸರ್ಕಸ್ಸಿನ ಮಾಲೀಕರು ಮಾಡಿದ ಮೊದಲ ಅನ್ಯಾಯವೇ ಅದು ಎಂದು ನನಗನಿಸುತ್ತದೆ: ಗುಂಪಿನಲ್ಲಿ ಬದುಕುವ ಪ್ರಾಣಿಯನ್ನೂ ಒಂಟಿಯಾಗಿ ಬದುಕುವ ಪ್ರಾಣಿಯನ್ನೂ ಒಂದೇ ಅಳತೆಯ ಬೋನಿನಲ್ಲಿ ಇಟ್ಟರು.

ಹುಲಿಯನ್ನೇ ತೆಗೆದುಕೊಳ್ಳಿ. ಕಾಡಿನಲ್ಲಿ ಮರಿಗಳು ಸುಮಾರು ಎರಡು ವರ್ಷ ತಾಯಿಯ ಜೊತೆ ಇರುವುದನ್ನು ಬಿಟ್ಟರೆ ಹುಲಿ ಬದುಕುವುದು ಒಂಟಿಯಾಗಿಯೇ. ಮರದ ಬುಡಕ್ಕೆ ಮೂತ್ರ ಸಿಂಪಡಿಸಿ, ತೊಗಟೆಯನ್ನು ಉಗುರಿನಿಂದ ಗೀರಿ, ಇನ್ನೊಂದು ಹುಲಿಯನ್ನು ದೂರವಿಡುವುದಕ್ಕೇ ಅದು ಅಷ್ಟೆಲ್ಲ ಶ್ರಮಪಡುತ್ತದೆ. ಅಂಥ ಪ್ರಾಣಿಯನ್ನು ಗಾಡಿಯ ಮೇಲಿನ ಬೋನಿನಲ್ಲಿ, ತಗಡಿನ ಒಂದು ಹಾಳೆಯ ಆಚೆಗೆ ಇನ್ನೊಂದು ಹುಲಿ ಇರುವಂತೆ ಇಟ್ಟರೆ, ಅದಕ್ಕೆ ಸಿಗುವುದು ಸಾಂಗತ್ಯವಲ್ಲ, ಹಗಲಿರುಳೂ ಬಿಡದ ಶತ್ರುವಿನ ವಾಸನೆ. ಪಂಜರದ ರಿಂಗಿನೊಳಗೆ ಸ್ಟೂಲುಗಳನ್ನು ಯಾವ ಅಂತರದಲ್ಲಿ ಇಡಬೇಕು, ಯಾವ ಹುಲಿಯ ಪಕ್ಕ ಯಾವುದನ್ನು ಕೂರಿಸಬಾರದು ಎಂಬುದು ಅನುಭವಿ ರಿಂಗ್ ಮಾಸ್ಟರುಗಳಿಗೆ ಚೆನ್ನಾಗಿ ಗೊತ್ತಿತ್ತು. ಪ್ರೇಕ್ಷಕರು ಶಿಸ್ತು ಎಂದುಕೊಂಡು ಚಪ್ಪಾಳೆ ತಟ್ಟಿದ್ದು, ಬಹುಪಾಲು, ಆ ಪ್ರಾಣಿಗಳು ಒಂದನ್ನೊಂದು ತಪ್ಪಿಸಿಕೊಳ್ಳಲು ಮಾಡುತ್ತಿದ್ದ ಪ್ರಯತ್ನಕ್ಕೆ.

ಸಿಂಹದ ಕಥೆ ಇದಕ್ಕೆ ಪೂರ್ತಿ ವಿರುದ್ಧ. ಬೆಕ್ಕಿನ ಜಾತಿಯಲ್ಲಿ ಕುಟುಂಬ ಕಟ್ಟಿಕೊಂಡು ಬಾಳುವುದು ಸಿಂಹ ಮಾತ್ರ. ಅಕ್ಕತಂಗಿಯರು ಜೀವನಪೂರ್ತಿ ಒಂದೇ ಗುಂಪಿನಲ್ಲಿ ಉಳಿದು, ಒಬ್ಬರ ಮರಿಗೆ ಇನ್ನೊಬ್ಬರು ಹಾಲೂಡಿಸುವುದೂ ಉಂಟು. ಸರ್ಕಸ್ಸಿನಲ್ಲಿ ಅವು ಒಟ್ಟಿಗೆ ಸೇರುತ್ತಿದ್ದುದು ಆಟದ ಕೆಲವು ನಿಮಿಷ ಮಾತ್ರ. ಆ ಹೊತ್ತಿನಲ್ಲಿಯೂ ಒಂದನ್ನೊಂದು ಮೂಸುವುದಕ್ಕೋ ತಲೆ ಉಜ್ಜುವುದಕ್ಕೋ ಅವಕಾಶವಿರಲಿಲ್ಲ.

ನಿಷೇಧದ ನಂತರ ಬನ್ನೇರುಘಟ್ಟ, ತಿರುಪತಿ, ವಿಶಾಖಪಟ್ಟಣ, ಚೆನ್ನೈ ಬಳಿಯ ವಂಡಲೂರು, ಜೈಪುರ ಮುಂತಾದ ಕಡೆಗಳಲ್ಲಿ ಕೇಂದ್ರೀಯ ಮೃಗಾಲಯ ಪ್ರಾಧಿಕಾರದ ನೆರವಿನಿಂದ ಪುನರ್ವಸತಿ ಕೇಂದ್ರಗಳಾದವು. ಆ ಕಾಲದಲ್ಲಿ ಇಂಥ ಪ್ರಾಣಿಗಳ ಆರೈಕೆಯಲ್ಲಿ ನಾನೂ ತೊಡಗಿದ್ದೆ, ಸ್ಥಳದ ಹೆಸರು ಇಲ್ಲಿ ಬೇಡ. ಒಂದೇ ಗಾಡಿಯ ಅಕ್ಕಪಕ್ಕದ ಎರಡು ಖಾನೆಗಳಲ್ಲಿ ಬಂದ ಎರಡು ಹೆಣ್ಣು ಸಿಂಹಗಳನ್ನು, ಕಾದಾಡಬಹುದೆಂಬ ಭಯದಿಂದ, ನಾವು ಮೊದಲು ಜಾಲರಿಯ ಈಚೆ ಆಚೆ ಇಟ್ಟೆವು. ಒಂದಕ್ಕೆ ಕೋರೆಹಲ್ಲುಗಳು ಮುರಿದಿದ್ದವು, ಇನ್ನೊಂದಕ್ಕೆ ಕಣ್ಣಿನ ಪೊರೆ. ಕೋಣೆ ವಿಶಾಲವಾಗಿತ್ತು, ಹುಲ್ಲು ಹಾಸಿತ್ತು. ಆದರೂ ಕಣ್ಣು ಮಂಜಾದ ಸಿಂಹಿಣಿ ಜಾಲರಿಗೆ ಬೆನ್ನು ಒತ್ತಿಕೊಂಡೇ ಮಲಗುತ್ತಿತ್ತು. ಆಚೆಯದು ಕೂಡ ಅಲ್ಲಿಯೇ ಬಂದು, ತಂತಿಯ ಮೂಲಕ ಹೊರಗೆ ಚಾಚಿದ ಅದರ ಕೂದಲನ್ನು ನೆಕ್ಕುತ್ತ ಕೂರುತ್ತಿತ್ತು. ಬಾಗಿಲು ತೆಗೆದ ದಿನ ಸ್ವಲ್ಪ ಗುರುಗುಟ್ಟಿದವು, ಅನಂತರ ತಲೆಗೆ ತಲೆ ಉಜ್ಜಿದವು. ವರ್ಷಗಟ್ಟಲೆ ತಗಡಿನ ಆಚೆಯಿಂದ ಕೇಳಿದ ಉಸಿರಿನ ಗುರುತು ಅವಕ್ಕೆ ಇತ್ತೆಂದು ನಾನು ನಂಬಿದ್ದೇನೆ. ಇದನ್ನು ಸಾಬೀತುಪಡಿಸು ಎಂದು ಯಾರಾದರೂ ಕೇಳಿದರೆ ನನ್ನ ಬಳಿ ಬೇರೆ ದಾಖಲೆಯಿಲ್ಲ.

ಇನ್ನೊಂದು ವಿಷಯ. ಸರ್ಕಸ್ಸಿನಿಂದ ಬಂದ ಸಿಂಹಗಳಲ್ಲಿ ಅನೇಕವು ಆಫ್ರಿಕಾ ಮತ್ತು ಏಷ್ಯಾ ತಳಿಗಳ ಮಿಶ್ರಣವಾಗಿದ್ದವು. ಏಷ್ಯಾ ತಳಿಯಾದ ಗಿರ್ ಸಿಂಹಗಳ ಶುದ್ಧತೆಯನ್ನು ಕಾಪಾಡಬೇಕಾದ್ದರಿಂದ ಈ ಮಿಶ್ರತಳಿಗಳ ಸಂತಾನವನ್ನು ತಡೆಯಲಾಯಿತು, ಗಂಡುಗಳಿಗೆ ಶಸ್ತ್ರಚಿಕಿತ್ಸೆ ಮಾಡಲಾಯಿತು. ಸಂರಕ್ಷಣೆಯ ದೃಷ್ಟಿಯಿಂದ ಅದು ಸರಿಯಾದ ನಿರ್ಧಾರವೇ. ಆದರೆ ಮರಿಗಳಿಲ್ಲದೆ ಮುದಿಯಾಗುತ್ತ ಹೋದ ಆ ಗುಂಪಿನಲ್ಲಿ ಒಂದು ಸತ್ತರೆ ಅದರ ಜಾಗಕ್ಕೆ ಇನ್ನೊಂದು ಬರುತ್ತಿರಲಿಲ್ಲ. ಕೊನೆಯವರೆಗೆ ಬದುಕುಳಿದದ್ದಕ್ಕೆ ಒಂಟಿತನ ತಪ್ಪುತ್ತಿರಲಿಲ್ಲ.

ಕೋತಿಯ ಬಗ್ಗೆ ಎರಡೇ ಮಾತು: ಗುಂಪಿಲ್ಲದೆ ಅದರ ಬದುಕೇ ಇಲ್ಲ, ಬಹಳ ಕಂಪನಿಗಳಲ್ಲಿ ಇರುತ್ತಿದ್ದುದು ಒಂದೇ ಕೋತಿ. ನೀರಾನೆಯ ಪಾಡೂ ಅದೇ.

ಉತ್ತರ 2: ಗಜಪಥ

ವೈದ್ಯರ ಬರಹಕ್ಕೆ ಧನ್ಯವಾದಗಳು. ನಾನು ಆನೆಗಳ ನಡವಳಿಕೆಯನ್ನು ಓದಿದವಳು, ಆದ್ದರಿಂದ ಅಷ್ಟರ ಮಟ್ಟಿಗೆ ಮಾತ್ರ ಬರೆಯುತ್ತೇನೆ.

ಭಾರತದ ಸರ್ಕಸ್ಸುಗಳಲ್ಲಿ ಇದ್ದ ಆನೆಗಳಲ್ಲಿ ಹೆಚ್ಚಿನವು ಹೆಣ್ಣು, ಏಕೆಂದರೆ ಮದವೇರುವ ಗಂಡಾನೆಯನ್ನು ಜನರ ಮಧ್ಯೆ ಕರೆದೊಯ್ಯುವುದು ಅಪಾಯ. ಆದರೆ ಆನೆಗಳ ಸಮಾಜದಲ್ಲಿ ಅಜ್ಜಿ, ತಾಯಿ, ಚಿಕ್ಕಮ್ಮ, ಮಗಳು ಎಂದು ಬಾಳೆಲ್ಲ ಜೊತೆಗಿರುವವರೂ ಹೆಣ್ಣುಗಳೇ. ಗಂಡು ಪ್ರಾಯಕ್ಕೆ ಬಂದ ಮೇಲೆ ಗುಂಪು ಬಿಟ್ಟು ಹೋಗುತ್ತದೆ, ಒಂಟಿಯಾಗಿ ಇರಬಲ್ಲದು. ಯಾವುದಕ್ಕೆ ಬಳಗ ಹೆಚ್ಚು ಅಗತ್ಯವೋ ಅದನ್ನೇ ಬಳಗದಿಂದ ಕಿತ್ತು ತಂದಂತಾಯಿತು.

ಡೇರೆಯ ಹಿಂದೆ ಆನೆಗಳನ್ನು ಸಾಲಾಗಿ ಕಟ್ಟುವ ಕ್ರಮವನ್ನು ಕಂಡವರಿಗೆ ಗೊತ್ತು: ಒಂದು ಮುಂಗಾಲು, ಅದಕ್ಕೆ ಓರೆಯಾಗಿ ಇನ್ನೊಂದು ಬದಿಯ ಹಿಂಗಾಲು, ಎರಡಕ್ಕೂ ಸರಪಳಿ, ಎರಡು ಗೂಟ. ಪಕ್ಕದ ಆನೆಗೆ ಸೊಂಡಿಲು ತಾಗುವಷ್ಟು ದೂರವಿದ್ದರೆ ಅದೇ ಪುಣ್ಯ. 2014ರಲ್ಲಿ ಪ್ರಕಟವಾದ, ಥಾಯ್ಲೆಂಡಿನ ಶಿಬಿರವೊಂದರ 26 ಏಷ್ಯಾ ಆನೆಗಳನ್ನು ಗಮನಿಸಿ ಬರೆದ ಅಧ್ಯಯನದಲ್ಲಿ ಒಂದು ಸಂಗತಿ ಸ್ಪಷ್ಟವಾಗಿದೆ: ಒಂದು ಆನೆ ಬೆದರಿ ಕಿವಿ ಅಗಲಿಸಿ ಬಾಲ ನಿಮಿರಿಸಿದರೆ, ಹತ್ತಿರದ ಆನೆ ಬಂದು ಅದರ ಮುಖವನ್ನು ಸೊಂಡಿಲಿನಿಂದ ಮುಟ್ಟುತ್ತದೆ, ಸೊಂಡಿಲಿನ ತುದಿಯನ್ನು ಅದರ ಬಾಯೊಳಗೆ ಇಡುತ್ತದೆ, ಮೆಲುದನಿಯಲ್ಲಿ ಚಿಲಿಪಿಲಿಗುಟ್ಟುತ್ತದೆ. ಬೆದರಿದ ಆನೆಯ ಹತ್ತಿರ ನಡೆದು ಹೋಗುವುದು ಇಲ್ಲಿ ಮುಖ್ಯವಾದ ಕ್ರಿಯೆ. ಗೂಟಕ್ಕೆ ಕಟ್ಟಿದ ಆನೆಗೆ ಸಾಧ್ಯವಿಲ್ಲದ್ದೂ ಅದೊಂದೇ.

ಹಾಗಾದರೆ ಅವುಗಳ ನಡುವೆ ಏನೂ ಇರಲಿಲ್ಲವೇ? ಇತ್ತು. 1984ರಲ್ಲಿ ಅಮೆರಿಕದ ಪೋರ್ಟ್‌ಲೆಂಡ್ ಮೃಗಾಲಯದ ಏಷ್ಯಾ ಆನೆಗಳ ಬಳಿ ನಿಂತಿದ್ದ ಕೇಟಿ ಪೇನ್ ಎಂಬ ವಿಜ್ಞಾನಿಗೆ, ಸದ್ದೇನೂ ಕೇಳಿಸದಿದ್ದರೂ ಗಾಳಿ ಮಿಡಿಯುತ್ತಿರುವ ಅನುಭವವಾಯಿತು. ಅನಂತರ ಧ್ವನಿಮುದ್ರಣವನ್ನು ವೇಗವಾಗಿ ಓಡಿಸಿ ಕೇಳಿದಾಗ, ಮನುಷ್ಯರ ಕಿವಿಗೆ ಎಟುಕದಷ್ಟು ತಗ್ಗಿನ ದನಿಯಲ್ಲಿ ಆನೆಗಳು ಒಂದರ ಜೊತೆ ಒಂದು ಮಾತನಾಡುತ್ತವೆ ಎಂಬುದು ತಿಳಿಯಿತು. ಕಾಂಕ್ರೀಟ್ ಗೋಡೆಯ ಎರಡು ಬದಿಗೆ ಮುಖಾಮುಖಿ ನಿಂತಿದ್ದ ಗಂಡು ಹೆಣ್ಣುಗಳ ನಡುವೆಯೂ ಅಂಥ ಸಂಭಾಷಣೆ ನಡೆದಿತ್ತು. ನಮ್ಮ ಸರ್ಕಸ್ಸುಗಳ ಆನೆಸಾಲಿನಲ್ಲಿ, ಜನರೇಟರಿನ ಮೊರೆತದ ಕೆಳಗೆ, ಎಷ್ಟು ಮಾತುಕತೆ ನಡೆದಿರಬಹುದೋ ಯಾರೂ ಅಳೆಯಲಿಲ್ಲ.

ಬೇರೆಯಾದ ಜೊತೆಗಾತಿಯನ್ನು ಆನೆ ನೆನಪಿಟ್ಟುಕೊಳ್ಳುತ್ತದೆಯೇ ಎಂಬುದಕ್ಕೆ ಚೆನ್ನಾಗಿ ದಾಖಲಾದ ಉದಾಹರಣೆ ಅಮೆರಿಕದ ಶರ್ಲಿ ಮತ್ತು ಜೆನ್ನಿಯರದು. 1948ರಲ್ಲಿ ಸುಮಾತ್ರಾದಲ್ಲಿ ಹುಟ್ಟಿದ ಶರ್ಲಿ ಮರಿಯಾಗಿದ್ದಾಗಲೇ ಸರ್ಕಸ್ಸಿಗೆ ಸೇರಿತು. 1963ರಲ್ಲಿ ಕೆನಡಾದ ಬಂದರಿನಲ್ಲಿ ಸರ್ಕಸ್ ಹಡಗಿಗೆ ಬೆಂಕಿ ಬಿದ್ದಾಗ ಬದುಕಿ ಉಳಿಯಿತು. ಮುಂದೆ ಇನ್ನೊಂದು ಆನೆಯ ಹೊಡೆತಕ್ಕೆ ಅದರ ಹಿಂಗಾಲು ಮುರಿದು ಸೊಟ್ಟಗೇ ಕೂಡಿಕೊಂಡಿತು. 1977ರಲ್ಲಿ ಲೂಸಿಯಾನದ ಒಂದು ಮೃಗಾಲಯಕ್ಕೆ ಮಾರಾಟವಾಗಿ, ಅಲ್ಲಿ 22 ವರ್ಷ ಇನ್ನೊಂದು ಆನೆಯ ಮುಖವನ್ನೇ ಕಾಣದೆ ಉಳಿಯಿತು. 1999ರ ಜುಲೈನಲ್ಲಿ ಅದನ್ನು ಟೆನೆಸಿಯ ಆನೆಧಾಮಕ್ಕೆ ಕರೆತಂದಾಗ ಅಲ್ಲಿ ಜೆನ್ನಿ ಇತ್ತು. ಇಪ್ಪತ್ತಕ್ಕೂ ಹೆಚ್ಚು ವರ್ಷಗಳ ಹಿಂದೆ, ಜೆನ್ನಿ ಮರಿಯಾಗಿದ್ದಾಗ, ಇಬ್ಬರೂ ಒಂದೇ ಸರ್ಕಸ್ಸಿನಲ್ಲಿ ಕೆಲವು ಕಾಲ ಇದ್ದರು. ಆ ರಾತ್ರಿ ಅಕ್ಕಪಕ್ಕದ ಕೋಣೆಗಳಲ್ಲಿ ನಿಂತ ಎರಡೂ ಆನೆಗಳು ಘೀಳಿಡುತ್ತ, ನಡುವಿನ ಉಕ್ಕಿನ ಕಂಬಿಗಳನ್ನು ಬಗ್ಗಿಸುವಷ್ಟು ರಭಸದಿಂದ ಒಂದನ್ನೊಂದು ಮುಟ್ಟಲು ನೂಕಿದವು. ಬಾಗಿಲು ತೆಗೆದ ಮೇಲೆ, 2006ರ ಅಕ್ಟೋಬರ್‌ನಲ್ಲಿ ಜೆನ್ನಿ ಸಾಯುವವರೆಗೆ, ತಾಯಿ ಮಗಳಂತೆ ಜೊತೆಯಲ್ಲೇ ತಿರುಗಿದವು. ಶರ್ಲಿ 2021ರ ಫೆಬ್ರವರಿಯಲ್ಲಿ, 72ರ ವಯಸ್ಸಿನಲ್ಲಿ, ತೀರಿಕೊಂಡಿತು.

ಸರ್ಕಸ್ಸಿನ ಸಾಲಿನಲ್ಲಿ ಹುಟ್ಟಿದ ಸ್ನೇಹ ಎಷ್ಟು ಗಟ್ಟಿಯದು ಎಂದು ಈ ಪ್ರಸಂಗದಿಂದ ತಿಳಿಯುತ್ತದೆ. ಅದೇ ಸರ್ಕಸ್ ವ್ಯವಹಾರವು ಆ ಸ್ನೇಹವನ್ನು ಒಂದು ಮಾರಾಟದ ಚೀಟಿಯಲ್ಲಿ ಹೇಗೆ ಮುಗಿಸಿಬಿಡುತ್ತಿತ್ತು ಎಂಬುದೂ ತಿಳಿಯುತ್ತದೆ.

ಉತ್ತರ 3: ಕಡಲದಂಡೆ

ನಾನು ಈ ಚರ್ಚೆಗೆ ಬರುವುದೋ ಬೇಡವೋ ಎಂದು ಯೋಚಿಸಿದೆ. ಮಂಗಳೂರಿನವನು, ತಾಯಿಯ ಕಡೆಯವರು ಕೇರಳದ ತಲಶ್ಶೇರಿಯವರು. ಕೀಲೇರಿ ಕುಞಿಕಣ್ಣನ್ ಅವರು 1901ರಲ್ಲಿ ಅಲ್ಲಿನ ಚಿರಕ್ಕರದಲ್ಲಿ ಸರ್ಕಸ್ ಶಾಲೆ ತೆರೆದ ಮೇಲೆ ಆ ಊರಿನ ಎಷ್ಟೋ ಮನೆಗಳಿಂದ ಒಬ್ಬರಾದರೂ ಡೇರೆ ಸೇರಿದ್ದಾರೆ. ನಮ್ಮ ಸೋದರಮಾವನ ಕೈಹಿಡಿದು ನಾನೂ ಒಂದು ಕಂಪನಿಯಲ್ಲಿ ಲೆಕ್ಕಪತ್ರ ನೋಡಿಕೊಂಡಿದ್ದೆ. ಆದ್ದರಿಂದ ಮೇವಿನ ಲೆಕ್ಕ ನನ್ನ ಕೈಯಲ್ಲಿತ್ತು.

ಮೇಲಿನ ಇಬ್ಬರೂ ಬರೆದಿರುವುದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಸಾಲಿನಲ್ಲಿ ನಿಂತ ಆನೆಗಳಿಗೆ ಪರಸ್ಪರ ಮುಟ್ಟುವುದಕ್ಕೂ ಅವಕಾಶವಿರಲಿಲ್ಲ ಎಂಬ ಅರ್ಥ ಬರಬಾರದು. ಹಳೆಯ ಮಾವುತರು ಆನೆಗಳ ಸಾಲನ್ನು ಮನಸ್ಸಿಗೆ ಬಂದಂತೆ ಬದಲಾಯಿಸುತ್ತಿರಲಿಲ್ಲ. ಯಾವ ಊರಿಗೆ ಹೋದರೂ, ಯಾವ ಮೈದಾನದಲ್ಲಿ ಗೂಟ ಹೊಡೆದರೂ, ಯಾವುದರ ಎಡಕ್ಕೆ ಯಾವುದು ಎಂಬುದು ಗೊತ್ತುಪಡಿಸಿದ್ದೇ. ಒಮ್ಮೆ ಹೊಸ ಹುಡುಗನೊಬ್ಬ ಮಳೆಯಲ್ಲಿ ಅವಸರದಿಂದ ಎರಡು ಆನೆಗಳ ಜಾಗ ಅದಲುಬದಲು ಮಾಡಿ ಕಟ್ಟಿದ. ಬೆಳಗಾಗುವ ಹೊತ್ತಿಗೆ ಅವುಗಳಲ್ಲಿ ಹಿರಿಯದು ರಾಗಿ ಮುದ್ದೆಯನ್ನು ಮುಟ್ಟಿರಲಿಲ್ಲ, ಹುಲ್ಲನ್ನು ತನ್ನ ಬೆನ್ನ ಮೇಲೆಲ್ಲ ಎರಚಿಕೊಂಡಿತ್ತು. ಹಿರಿಯ ಮಾವುತರು ಯಾರನ್ನೂ ಬೈಯಲಿಲ್ಲ, ಗೂಟ ಕಿತ್ತು ಮೊದಲಿನಂತೆ ಕಟ್ಟಿದರು. ಆ ಆನೆ ಮೊದಲು ಪಕ್ಕದ ಆನೆಯ ಬಾಯಿಂದ ಒಂದು ಕಂತೆ ಹುಲ್ಲನ್ನು ಎಳೆದುಕೊಂಡು ತಿಂದಿತು, ಆಮೇಲೆ ತನ್ನ ಮುದ್ದೆಗೆ ಸೊಂಡಿಲು ಹಾಕಿತು. ಮಾಲೀಕರಿಗೆ ಕರುಣೆಯಿಂದ ಈ ಕ್ರಮ ಬೇಕಾಗಿತ್ತು ಎನ್ನಲಾರೆ. ಮೇವು ಬಿಟ್ಟ ಆನೆ ಮಧ್ಯಾಹ್ನ ಒಂದು ಗಂಟೆಯ ಆಟಕ್ಕೆ ಏಳುವುದಿಲ್ಲ, ದಿನಕ್ಕೆ ಮೂರು ಆಟ ನಡೆಯಲೇಬೇಕು.

ಕಂಪನಿಗೆ ಸಾಲ ಹೆಚ್ಚಾದಾಗ ಮಾತ್ರ ಈ ಕ್ರಮವೆಲ್ಲ ಮುರಿಯುತ್ತಿತ್ತು. ಆನೆಯನ್ನು ಇನ್ನೊಂದು ಕಂಪನಿಗೆ ಕೊಡುವುದು, ಒಂದು ಸೀಸನ್ನಿಗೆ ಎರವಲು ಕಳಿಸುವುದು ಸಾಮಾನ್ಯವಾಗಿತ್ತು. ಯಾವ ಆನೆ ಹೋಗಬೇಕೆಂಬುದು ಅದು ಕಲಿತ ಆಟದ ಮೇಲೆ ನಿರ್ಧಾರವಾಗುತ್ತಿತ್ತು, ಅದರ ಪಕ್ಕದ್ದು ಏನು ಮಾಡುತ್ತದೆ ಎಂಬುದರ ಮೇಲಲ್ಲ.

ಮಾವುತ ಸಂಗಾತಿಯೇ ಎಂದು ತಾವು ಕೇಳಿದ್ದೀರಿ. ಮಾವುತನ ಕೈಯಲ್ಲಿ ಅಂಕುಶವೂ ಇತ್ತು, ಬೆಲ್ಲವೂ ಇತ್ತು. ಎರಡನ್ನೂ ಹಿಡಿದವನ ಜೊತೆಗಿನ ಸಂಬಂಧಕ್ಕೆ ಏನೆಂದು ಹೆಸರಿಡಬೇಕೋ ನನಗೆ ತಿಳಿಯದು. ಆದರೆ ಅವರ ಕಡೆಯಿಂದ ಅದು ಒಡನಾಟವೇ ಆಗಿತ್ತು. ವರ್ಷಕ್ಕೊಮ್ಮೆ ಊರಿಗೆ ಹೋಗಿ ಬರುವ ಮನುಷ್ಯ, ಹೆಂಡತಿ ಮಕ್ಕಳಿಗಿಂತ ಹೆಚ್ಚು ರಾತ್ರಿಗಳನ್ನು ಆನೆಯ ಕಾಲಬುಡದಲ್ಲಿ ಚಾಪೆ ಹಾಸಿ ಕಳೆದವನು. ನಮ್ಮ ಕಂಪನಿಯಿಂದ ಹುಲಿ ಸಿಂಹಗಳನ್ನು ಸಾಗಿಸಿದಾಗ ಅವುಗಳ ಆಳುಗಳನ್ನು ಯಾರೂ ಜೊತೆಗೆ ಕರೆಯಲಿಲ್ಲ. ಪ್ರಾಣಿಯ ಪಟ್ಟಿಗೆ ಸಹಿಯಾಯಿತು, ಗಾಡಿ ಹೊರಟಿತು. ಆಮೇಲೆ ಆ ಪ್ರಾಣಿಗಳು ಯಾರ ದನಿ ಕೇಳಿ ಮಾಂಸಕ್ಕೆ ಬಂದವೋ ನಾನು ಕಾಣೆ.

ಬೋನಿನಲ್ಲಿ ಇಲ್ಲದಿದ್ದರೂ ಹೊರಗೆ ಹೋಗಲಾಗದವರು ಡೇರೆಯಲ್ಲಿ ಇನ್ನೂ ಇದ್ದರು ಎಂಬುದನ್ನು ಸೇರಿಸದಿದ್ದರೆ ನನ್ನ ಮಾತು ಅರ್ಧವಾಗುತ್ತದೆ. ನೇಪಾಳದಿಂದ, ಬಂಗಾಳದಿಂದ, ಒಪ್ಪಂದದ ಕಾಗದಕ್ಕೆ ತಂದೆಯ ಹೆಬ್ಬೆಟ್ಟು ಒತ್ತಿಸಿ ತಂದ ಪುಟ್ಟ ಹುಡುಗಿಯರು. ಹಗ್ಗದ ಮೇಲಿನ ಆಟ ಕಲಿಯುವಾಗ ಬಿದ್ದರೆ ಹೊಡೆತ, ಗೇಟಿನಾಚೆ ಹೋಗುವಂತಿಲ್ಲ. ದೊಡ್ಡ ಹುಡುಗಿಯರು ಚಿಕ್ಕವರಿಗೆ ತಲೆ ಬಾಚಿ ಜಡೆ ಹಾಕುತ್ತಿದ್ದರು, ರಾತ್ರಿಯ ಆಟದ ನಂತರ ಒಂದೇ ಕಂಬಳಿಯಲ್ಲಿ ನಾಲ್ವರು ಮಲಗುತ್ತಿದ್ದರು. 'ದೀದಿ' ಎಂದು ಕರೆಯಿಸಿಕೊಳ್ಳುವವಳಿಗೇ ಹದಿನಾಲ್ಕು ತುಂಬಿರುತ್ತಿರಲಿಲ್ಲ. 2011ರ ಏಪ್ರಿಲ್‌ನಲ್ಲಿ ಬಚ್‌ಪನ್ ಬಚಾವೋ ಆಂದೋಲನ ಎಂಬ ಮಕ್ಕಳ ಹಕ್ಕುಗಳ ಸಂಘಟನೆಯ ಅರ್ಜಿಯ ಮೇಲೆ ಸುಪ್ರೀಂ ಕೋರ್ಟು ಸರ್ಕಸ್ಸಿನಲ್ಲಿ ಮಕ್ಕಳನ್ನು ದುಡಿಸುವುದನ್ನು ತಡೆಯುವಂತೆ ಆದೇಶಿಸಿತು. ಪ್ರಾಣಿಗಳ ತೀರ್ಪು ಬಂದದ್ದು 2001ರಲ್ಲಿ, ಮಕ್ಕಳದ್ದು ಅದಾದ ಹತ್ತು ವರ್ಷಕ್ಕೆ. ಓದುವವರು ಈ ಎರಡು ಇಸವಿಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ನೋಡಲಿ.

ಉತ್ತರ 4: ಪ್ರಮಾಣಪ್ರಿಯ

ಮೂರೂ ಉತ್ತರಗಳನ್ನು ಗೌರವದಿಂದ ಓದಿದ್ದೇನೆ. ಆದರೂ ಒಂದು ಎಚ್ಚರಿಕೆಯನ್ನು ಹೇಳಬೇಕಾಗಿದೆ. ಪ್ರಾಣಿ ಮೇವು ಬಿಟ್ಟರೆ ಅದು ವಿರಹ, ತಲೆಯಾಡಿಸಿದರೆ ಅದು ದುಃಖ ಎಂದು ಓದುವ ಅಭ್ಯಾಸ ನಮಗಿದೆ. ಸರ್ಕಸ್ ಆನೆಗಳು ನಿಂತಲ್ಲಿಯೇ ಎಡಕ್ಕೂ ಬಲಕ್ಕೂ ತೂಗಾಡುವುದನ್ನು ಒಂಟಿತನದ ಗುರುತು ಎಂದು ಎಷ್ಟೋ ಕಡೆ ಬರೆದಿದ್ದಾರೆ. ಅದು ಪೂರ್ತಿ ಸರಿಯಲ್ಲ. ಅಮೆರಿಕದ ಸರ್ಕಸ್ ಆನೆಗಳ ಮೇಲೆ ನಡೆದು 1999ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ, ಸರಪಳಿಯಲ್ಲಿ ಕಟ್ಟಿದ ಆನೆಗಳನ್ನು ಬಿಚ್ಚಿ ವಿದ್ಯುತ್ ಬೇಲಿಯ ಅಂಗಳದಲ್ಲಿ ಒಟ್ಟಿಗೆ ಬಿಟ್ಟಾಗ ತೂಗಾಟ ಬಹಳ ಕಡಿಮೆಯಾಯಿತು. ಕಡಿಮೆಯಾದದ್ದು ಕಾಲು ಬಿಡುಗಡೆಯಾದ್ದರಿಂದಲೋ, ಜೊತೆ ಸಿಕ್ಕಿದ್ದರಿಂದಲೋ, ಮಾಡಲು ಕೆಲಸ ಸಿಕ್ಕಿದ್ದರಿಂದಲೋ ಎಂದು ಬಿಡಿಸಿ ಹೇಳುವುದು ಕಷ್ಟ. ಮೇವಿನ ಹೊತ್ತು ಹತ್ತಿರವಾದಾಗ, ಆಟ ಶುರುವಾಗುವ ಮುನ್ನ ತೂಗಾಟ ಹೆಚ್ಚುತ್ತದೆ ಎಂಬುದನ್ನೂ ಗಮನಿಸಿದ್ದಾರೆ. ಕಾಯುವಿಕೆಯ ಚಡಪಡಿಕೆಯೂ ಹಾಗೆಯೇ ಕಾಣುತ್ತದೆ ಎಂದಾಯಿತು.

ಕಡಲದಂಡೆಯವರು ಹೇಳಿದ ಆನೆಯ ಪ್ರಸಂಗಕ್ಕೂ ಇದೇ ಮಾತು. ಮಳೆಯ ರಾತ್ರಿ, ಹೊಸ ಹುಡುಗ, ಒದ್ದೆ ನೆಲ: ಮುದ್ದೆ ಬಿಡುವುದಕ್ಕೆ ಬೇರೆ ಕಾರಣವೂ ಇದ್ದಿರಬಹುದು. ಆದರೆ ಮೊದಲಿನ ಜಾಗಕ್ಕೆ ಮರಳಿಸಿದ ಕೂಡಲೇ ತಿಂದಿತು ಎಂಬ ಭಾಗ ನನ್ನ ಸಂಶಯವನ್ನು ಸ್ವಲ್ಪ ಸಡಿಲಿಸುತ್ತದೆ.

ಒಡನಾಟ ಒಂದೇ ಜಾತಿಯ ನಡುವೆ ಮಾತ್ರ ಎಂದೂ ಭಾವಿಸಬಾರದು. ಡೆನ್ಮಾರ್ಕಿನ ಸರ್ಕಾರವು ದೇಶದ ಸರ್ಕಸ್ಸುಗಳಲ್ಲಿ ಉಳಿದಿದ್ದ ಕೊನೆಯ ನಾಲ್ಕು ಆನೆಗಳನ್ನು 2019ರಲ್ಲಿ 1.1 ಕೋಟಿ ಕ್ರೋನರ್ ಕೊಟ್ಟು ಕೊಂಡು ನಿವೃತ್ತಿಗೊಳಿಸಿತು. ಅವುಗಳಲ್ಲಿ ರಾಂಬೋಲಿನ್ ಎಂಬ ಆನೆಗೆ ಜೊತೆಯಿದ್ದದ್ದು ಅಲಿ ಎಂಬ ಒಂಟೆ. ಆನೆಗೆ ಆನೆಯೇ ಸಿಗದಿದ್ದಾಗ ಒಂಟೆಯಾದರೂ ಆದೀತು ಎಂಬುದು ಆನೆಯ ಸ್ವಭಾವದ ಹಿರಿಮೆಯೋ, ಅದನ್ನು ಅಲ್ಲಿಗೆ ತಂದಿಟ್ಟವರ ಕೊರತೆಯೋ, ಓದುಗರೇ ತೀರ್ಮಾನಿಸಲಿ.

ಇದಕ್ಕೆ ನಮ್ಮಲ್ಲಿಯೇ ದೊಡ್ಡ ಅನುಭವದ ಗಣಿಯಿದೆ, ಅದನ್ನು ಸರ್ಕಸ್ಸಿನವರು ಬಳಸಿಕೊಳ್ಳಲಿಲ್ಲ. ಮೈಸೂರಿನ ಜಂಬೂಸವಾರಿಯಲ್ಲಿ ಅಂಬಾರಿ ಹೊತ್ತ ಗಂಡಾನೆಯ ಎಡಬಲಕ್ಕೆ ಎರಡು ಹೆಣ್ಣಾನೆಗಳು ಕುಮ್ಕಿಗಳಾಗಿ, ಅಂದರೆ ಜೊತೆಗಿದ್ದು ನೆರವಾಗುವ ಪಳಗಿದ ಆನೆಗಳಾಗಿ, ಹೆಜ್ಜೆ ಹಾಕುವುದು ಬರಿಯ ಅಂದಕ್ಕಲ್ಲ. ಲಕ್ಷಾಂತರ ಜನ, ವಾದ್ಯ, ಪಿರಂಗಿ, ಇವುಗಳ ನಡುವೆ ಅದು ಬೆದರದೆ ನಡೆಯುವಂತೆ ಮಾಡಲು. ದುಬಾರೆ, ಮತ್ತಿಗೋಡು, ಸಕ್ರೆಬೈಲು ಆನೆ ಶಿಬಿರಗಳ ಮಾವುತರು ಮತ್ತು ಅವರ ಸಹಾಯಕರಾದ ಕಾವಾಡಿಗಳು, ಅವರಲ್ಲಿ ಅನೇಕರು ಜೇನುಕುರುಬರು, ಹೊಸದಾಗಿ ಹಿಡಿದ ಕಾಡಾನೆಯನ್ನು ಕ್ರಾಲಿನಲ್ಲಿ (ಮರದ ದಿಮ್ಮಿಗಳ ದೊಡ್ಡಿಯಲ್ಲಿ) ಪಳಗಿಸುವಾಗಲೂ ಹಳೆಯ ಆನೆಯೊಂದನ್ನು ಹತ್ತಿರ ನಿಲ್ಲಿಸುತ್ತಾರೆ. ಶಿಬಿರದ ಬದುಕೂ ಬಂಧನವೇ, ಅದರಲ್ಲಿ ಅನುಮಾನವಿಲ್ಲ. ಆದರೂ ಸಂಜೆಯಾದ ಮೇಲೆ ಕಾಲಿಗೆ ಉದ್ದನೆಯ ಸರಪಳಿ ಎಳೆದುಕೊಂಡು ಕಾಡಿಗೆ ಮೇಯಲು ಹೋಗುವ ಆನೆಗೆ, ಯಾರ ಜೊತೆ ಮೇಯಬೇಕು ಎಂಬ ಆಯ್ಕೆಯಾದರೂ ಇದೆ. ಒಡನಾಟವನ್ನು ಅಳೆಯಬೇಕಾದರೆ ನಾನು ಈ ಒಂದನ್ನೇ ಕೇಳುತ್ತೇನೆ: ಬೇಡವಾದಾಗ ದೂರ ಸರಿಯುವ ಅವಕಾಶ ಆ ಪ್ರಾಣಿಗೆ ಇತ್ತೇ? ವೈದ್ಯರು ಹೇಳಿದ ಹುಲಿಗೆ ಅದಿರಲಿಲ್ಲ, ಆನೆಸಾಲಿನಲ್ಲಿ ನಿಂತ ಆನೆಗೂ ಇರಲಿಲ್ಲ. ಪಕ್ಕದಲ್ಲಿ ನಿಂತವರ ಮೇಲೆ ಪ್ರೀತಿ ಹುಟ್ಟಿದ್ದರೆ ಅದು ಅದೃಷ್ಟ.

ತುಂಗಾತೀರ

ಎಲ್ಲರಿಗೂ ಕೃತಜ್ಞತೆಗಳು. ಹುಲಿಗೆ ನೆರೆಹೊರೆಯೇ ಶಿಕ್ಷೆಯಾಗಬಹುದು ಎಂಬುದು ನಾನು ಯೋಚಿಸದೇ ಇದ್ದ ದಿಕ್ಕು. ಒಂದು ಮಾತು ಮಾತ್ರ ಉಳಿದಿದೆ. ಪ್ರಾಣಿಯನ್ನು ಇನ್ನೊಂದು ಜಾಗಕ್ಕೆ ಸಾಗಿಸುವಾಗ ಅದರ ಒಡನಾಟದ ವಿವರವೂ ಜೊತೆಗೆ ಹೋಗುವಂತೆ ಏನು ಮಾಡಬಹುದು? ಮುದಿಯಾದ ಎಷ್ಟೋ ಆನೆಗಳು ಇಂದಿಗೂ ಖಾಸಗಿಯವರ ಕೈಯಿಂದ ಪುನರ್ವಸತಿ ಕೇಂದ್ರಗಳಿಗೆ ಬರುತ್ತಲೇ ಇವೆ, ಆದ್ದರಿಂದ ಇದು ಹಳೆಯ ಪ್ರಶ್ನೆ ಮಾತ್ರವಲ್ಲ.

ನಿವೃತ್ತ ಪಶುವೈದ್ಯ

ಸಾಗಣೆಯ ಸಮಯದಲ್ಲಿ ಪ್ರಾಣಿಯ ವಯಸ್ಸು, ತೂಕ, ಗಾಯ, ರಕ್ತಪರೀಕ್ಷೆ, ಮೈಕ್ರೋಚಿಪ್ ಸಂಖ್ಯೆ ಎಲ್ಲವನ್ನೂ ಬರೆಯುತ್ತೇವೆ. ಯಾವ ಪ್ರಾಣಿಯ ಪಕ್ಕದಲ್ಲಿ ಎಷ್ಟು ವರ್ಷ ಇತ್ತು, ಯಾವುದನ್ನು ಕಂಡರೆ ಹೆದರುತ್ತದೆ, ಯಾವ ಹೆಸರಿಗೆ ಓಗೊಡುತ್ತದೆ, ಯಾವ ಭಾಷೆಯ ಮಾತಿಗೆ ಕಾಲೆತ್ತುತ್ತದೆ ಎಂಬ ನಾಲ್ಕು ಸಾಲುಗಳನ್ನು ಅದೇ ಕಾಗದದಲ್ಲಿ ಬರೆಯಲು ಖರ್ಚೇನೂ ಇಲ್ಲ. ಜೋಡಿಯಾಗಿದ್ದ ಆನೆಗಳನ್ನು ಎರಡು ಲಾರಿಗಳಲ್ಲಿ ತಂದರೂ ಒಂದೇ ದಿನ ತರಬೇಕು. ಹಳೆಯ ಮಾವುತನನ್ನು ಕೆಲವು ವಾರವಾದರೂ ಸಂಬಳ ಕೊಟ್ಟು ಇರಿಸಿಕೊಳ್ಳಬೇಕು. ಅವನ ಅಂಕುಶವನ್ನು ಹೊರಗಿಟ್ಟು ಅವನನ್ನು ಒಳಗೆ ಬಿಟ್ಟುಕೊಳ್ಳುವುದು ಕಷ್ಟದ ಕೆಲಸವೇನಲ್ಲ. ಹುಲಿಯ ವಿಷಯದಲ್ಲಿ ಮಾತ್ರ ಇದೆಲ್ಲ ತಿರುಗುಮುರುಗು: ಅದಕ್ಕೆ ಇನ್ನೊಂದು ಹುಲಿ ಕಾಣದ ಹಾಗೆ ಗೋಡೆ ಕಟ್ಟಿಕೊಡುವುದೇ ಉಪಕಾರ.

ಕಡಲದಂಡೆ

ವೈದ್ಯರ ಮಾತಿಗೆ ಒಂದು ಸೇರ್ಪಡೆ. ಕಂಪನಿಗಳ ಮೇವಿನ ಪುಸ್ತಕದಲ್ಲಿ ಆನೆಗಳ ಹೆಸರನ್ನು ಅಕ್ಷರಕ್ರಮದಲ್ಲಿ ಬರೆಯುತ್ತಿರಲಿಲ್ಲ, ಸಾಲಿನಲ್ಲಿ ನಿಂತ ಕ್ರಮದಲ್ಲಿಯೇ ಬರೆಯುತ್ತಿದ್ದೆವು. ಮೇವು ಹಾಕುವ ಆಳು ಒಂದು ತುದಿಯಿಂದ ಹೊರಟು ಇನ್ನೊಂದು ತುದಿಗೆ ಮುಟ್ಟುವಾಗ ಲೆಕ್ಕ ತಪ್ಪಬಾರದೆಂದು ಹಾಗೆ ಮಾಡುತ್ತಿದ್ದುದು. ಆದ್ದರಿಂದ ಹಳೆಯ ಪುಸ್ತಕ ಸಿಕ್ಕಿದರೆ ಯಾವ ವರ್ಷ ಯಾವುದರ ಪಕ್ಕ ಯಾವುದಿತ್ತು, ಯಾವ ತಿಂಗಳಿಂದ ಒಂದು ಹೆಸರು ಸಾಲಿನಿಂದ ಬಿಟ್ಟುಹೋಯಿತು ಎಂಬುದೆಲ್ಲ ತಿಳಿಯುತ್ತದೆ. ನಮ್ಮ ಕಂಪನಿಯ ಕೆಲವು ಪುಸ್ತಕಗಳು ಸೋದರಮಾವನ ಮನೆಯ ಅಟ್ಟದಲ್ಲಿ ಇದ್ದವು, ಗೆದ್ದಲು ಹಿಡಿಯದಿದ್ದರೆ ಈಗಲೂ ಇರಬೇಕು. ಬರುವ ತಿಂಗಳು ಊರಿಗೆ ಹೋದಾಗ ಹುಡುಕಿಸುತ್ತೇನೆ. ಗಜಪಥ ಅವರಿಗೆ ಅಧ್ಯಯನಕ್ಕೆ ಬೇಕೆನಿಸಿದರೆ ಖಾಸಗಿ ಸಂದೇಶದಲ್ಲಿ ತಿಳಿಸಲಿ, ಪುಟಗಳ ಫೋಟೋ ತೆಗೆದು ಕಳಿಸಿಕೊಡುವೆ. ಬರಹ ಮಲಯಾಳದಲ್ಲಿದೆ, ಓದಿ ಹೇಳುವುದಕ್ಕೆ ನಾನಿದ್ದೇನೆ.